ಸ್ವರವಿಲ್ಲದ ಹೆಸರಿನವನೂ ನಮ್ಮ ಮನೆಯವರೂ

ನಮ್ಮ ಮನೆಯ ಬಚ್ಚಲಿನ ಬಾಗಿಲ ಬಳಿ ಒಂದು ಕೈಕನ್ನಡಿಯಿದೆ. ಅದರ ಪಕ್ಕದ ಮೊಳೆಗೆ ಮೂರು ಮೀಸೆಗಳು ತೂಗುಬಿದ್ದಿವೆ. ಒಂದು ದಪ್ಪನೆಯದು, ಪೋಲೀಸಿನವನದು. ಇನ್ನೊಂದು ಶಾನುಭೋಗರ ಅಕ್ಷರದಂತೆ ಸಪೂರವಾದದ್ದು. ಮೂರನೆಯದು ನರೆತದ್ದು, ಮದುವೆಮನೆಗಳಲ್ಲಿ ಸುಮ್ಮನೆ ಕುಳಿತು ತಲೆಯಾಡಿಸುವ ಹಿರಿಯರಿಗೆ ಮೀಸಲಾದದ್ದು. ಮೊದಲ ಸಲ ನಮ್ಮ ಮನೆಗೆ ಬಂದು ಕೈಕಾಲು ತೊಳೆಯಲು ಅತ್ತ ಹೋದ ನೆಂಟರು ಅಲ್ಲಿ ಒಂದು ಕ್ಷಣ ಬೆಚ್ಚಿ ನಿಲ್ಲುವುದು ವಾಡಿಕೆ. ನನ್ನ ಚಿಕ್ಕಮ್ಮನಂತೂ ಯಾವುದೋ ಪ್ರಾಣಿ ಸತ್ತು ಒಣಗಿದೆಯೆಂದು ಭಾವಿಸಿ, ನರೆತ ಮೀಸೆಯನ್ನು ಕಡ್ಡಿಯ ತುದಿಯಲ್ಲಿ ಎತ್ತಿ ಗೊಬ್ಬರದ ಗುಂಡಿಗೆ ಎಸೆದಿದ್ದಳು. ಅದನ್ನು ಹುಡುಕಿ, ತೊಳೆದು, ಎಣ್ಣೆ ಹಚ್ಚಿ, ಬಾಚಿ ಮತ್ತೆ ಮೊಳೆಗೇರಿಸಿದ ಮನುಷ್ಯನೊಡನೆ ನಾನು ಸಂಸಾರ ಮಾಡುತ್ತಿದ್ದೇನೆ ಎಂದರೆ, ಓದುಗ ಮಿತ್ರರೆ, ಮುಂದಿನ ನನ್ನ ಸಿಡಿಮಿಡಿಗೆಲ್ಲ ನಿಮ್ಮ ಕ್ಷಮೆ ಈಗಲೇ ಸಿಕ್ಕೀತೆಂದು ನಂಬಿದ್ದೇನೆ.

ನನ್ನ ಗಂಡ ಚಂದ್ರಶೇಖರ ಕೊಪ್ಪದ ಬಸ್‌ ನಿಲ್ದಾಣದ ಹತ್ತಿರ ಗಡಿಯಾರ ರಿಪೇರಿಯ ಅಂಗಡಿ ಇಟ್ಟವರು. ಅದು ಅವರ ಕಸುಬು. ಆದರೆ ಅವರನ್ನು ಕೇಳಿದರೆ ತಾನು ನಟ ಮತ್ತು ಸಂಗೀತ ಸಂಯೋಜಕ ಎನ್ನುತ್ತಿದ್ದರು. ಶೃಂಗೇರಿಯ ಕಡೆಗೆ ಸಿನಿಮಾದವರೋ ಧಾರಾವಾಹಿಯವರೋ ಬಂದಿಳಿದರೆಂಬ ಸುದ್ದಿ ಕಿವಿಗೆ ಬಿದ್ದರೆ ಸಾಕು, ಅಂಗಡಿಯ ಬಾಗಿಲಿಗೆ ‘ಈಗ ಬರುತ್ತೇನೆ’ ಎಂಬ ಹಲಗೆ ನೇತುಬೀಳುತ್ತಿತ್ತು. ಆ ‘ಈಗ’ ಮೂರು ದಿನ ನಡೆಯುತ್ತಿತ್ತು. ಊರಿನ ಅರ್ಧದಷ್ಟು ಗಡಿಯಾರಗಳು ಒಳಗೆ ನಿಂತೇ ಇರುತ್ತಿದ್ದವು, ಅವುಗಳ ಒಡೆಯರು ನಮ್ಮ ಮನೆಯ ಗೇಟಿನಲ್ಲಿ ನಿಂತಿರುತ್ತಿದ್ದರು. ಇಷ್ಟೆಲ್ಲ ಮಾಡಿ ಅವರು ಗಳಿಸಿದ ಪಾತ್ರಗಳಾದರೂ ಯಾವುವು? ಶವಯಾತ್ರೆಯಲ್ಲಿ ಚಟ್ಟ ಹೊತ್ತ ನಾಲ್ಕನೆಯ ಹೆಗಲು. ಪಂಚಾಯ್ತಿ ಕಟ್ಟೆಯ ಮೂರನೆಯ ಸಾಲು. ನಾಯಕ ಕೋಪದಿಂದ ಬಾಗಿಲು ದೂಡಿಕೊಂಡು ಹೊರಬಂದಾಗ ಅಡ್ಡ ಸಿಕ್ಕಿ ಪಕ್ಕಕ್ಕೆ ಸರಿಯುವವನು. ಇಪ್ಪತ್ತು ವರ್ಷಗಳಲ್ಲಿ ಅವರ ಬಾಯಿಂದ ಕ್ಯಾಮೆರಾದ ಮುಂದೆ ಒಂದಕ್ಷರ ಹೊರಟಿರಲಿಲ್ಲ.

ಸಂಗೀತದ ಮಾತು ಬೇರೆ. ಅದರಲ್ಲಿ ಅವರಿಗೆ ನಿಜವಾದ ಕೈಯಿತ್ತು; ಅದೇ ನನ್ನ ಸಂಕಟ. ಕೊಪ್ಪ, ಶೃಂಗೇರಿ, ನರಸಿಂಹರಾಜಪುರ, ಈ ಮೂರು ತಾಲ್ಲೂಕುಗಳ ಶಾಲೆಗಳ ವಾರ್ಷಿಕೋತ್ಸವದ ನಾಟಕಗಳಿಗೆ, ಒಂದು ಮನೆ, ಎಂದರೆ ಬೆರಳೊತ್ತುವ ಪಟ್ಟಿ, ಸತ್ತುಹೋದ ಹಾರ್ಮೋನಿಯಮ್ಮಿನ ಮೇಲೆ ಅವರು ರಾಗ ಹಾಕಿಕೊಡುತ್ತಿದ್ದರು. ಆ ಸತ್ತ ಸ್ವರವನ್ನು ಹಾರಿಕೊಂಡು ಹೋಗುವ ಅಭ್ಯಾಸದಿಂದಲೇ ಅವರ ರಾಗಗಳಿಗೆ ಒಂದು ವಿಚಿತ್ರವಾದ ಕುಂಟು ಲಾಲಿತ್ಯ ಬಂದಿತ್ತು. ಬಾಳಗಡಿಯ ಕಾಲೇಜಿನಲ್ಲಿ ಕನ್ನಡ ಪಾಠ ಹೇಳುವ ನನಗೆ ಕಾಮಾಲೆಯಾಗಿ ಒಂದು ತಿಂಗಳು ಮಲಗಿದ್ದಾಗ, ಹಾಸಿಗೆಯ ಪಕ್ಕ ಕುಳಿತು, ಯಾರದೋ ಕೈಗಡಿಯಾರ ಬಿಚ್ಚುತ್ತ ಅವರು ಶಿಳ್ಳೆಯಲ್ಲಿ ಒಂದು ರಾಗ ಕಟ್ಟಿದರು. ಮೊದಲ ವಾರ ಅದು ನಾಲ್ಕು ಸ್ವರವಿತ್ತು. ನಾನು ಎದ್ದು ಕುಳಿತು ಗಂಜಿ ಕುಡಿಯುವ ಹೊತ್ತಿಗೆ ಪೂರ್ತಿ ಹಾಡಾಗಿತ್ತು. ಅದಕ್ಕೆ ಮಾತಿರಲಿಲ್ಲ. ‘ಇದು ನಿಂದು’ ಎಂದಿದ್ದರು. ಹುಳಿ, ಖಾರ, ಎಣ್ಣೆ ಯಾವುದೂ ಇಲ್ಲದ ಆ ತಿಂಗಳಲ್ಲಿ ನನಗೆ ದೊರೆತ ಒಂದೇ ರುಚಿಯೆಂದರೆ ಅದು.

ಅದಾದ ಎರಡು ವರ್ಷಕ್ಕೆ, ಶೃಂಗೇರಿಯಲ್ಲಿ ಚಿತ್ರೀಕರಣವಾದ ಒಂದು ಧಾರಾವಾಹಿ ಟಿವಿಯಲ್ಲಿ ಬರತೊಡಗಿತು. ಅದರಲ್ಲಿ ಚಂದ್ರಶೇಖರ ಅಂಚೆಯವನಾಗಿದ್ದರು. ಮೊದಲ ಕಂತಿನಲ್ಲೇ ಅವರು ಬರುವುದಿತ್ತು; ಆ ದಿನ ನಮ್ಮ ಮನೆಯ ಜಗಲಿಯಲ್ಲಿ ಅಕ್ಕಪಕ್ಕದ ಹದಿನಾಲ್ಕು ಜನ ಕೂತಿದ್ದರು. ಕಾಗದ ಕೊಡುವ ಒಂದು ಕೈ ಮಾತ್ರ ತೆರೆಯ ಮೇಲೆ ಬಂದು ಹೋಯಿತು. ‘ಆ ಕೈ ಇವ್ರದ್ದೇ, ಉಂಗುರ ನೋಡಿ’ ಎಂದು ನಾನು ಹೇಳಬೇಕಾಯಿತು. ಆದರೆ ಆ ಕೈಗಿಂತ ಮುಂಚೆ, ಶೀರ್ಷಿಕೆ ಗೀತೆ ಶುರುವಾದಾಗಲೇ ನಾನು ಕೈಯ ಲೋಟ ಕೆಳಗಿಟ್ಟು ಎದ್ದು ನಿಂತಿದ್ದೆ. ಅದು ನನ್ನ ಕಾಮಾಲೆಯ ರಾಗ. ಮೇಲೆ ಯಾರೋ ಮಾತು ಹೊಂದಿಸಿದ್ದರು, ಕೆಳಗೆ ಸಂಗೀತ ಎಂದು ಇನ್ಯಾರದೋ ಹೆಸರಿತ್ತು.

‘ಕದ್ದಿದಾರೆ! ನೋಡಿ, ಕದ್ದಿದಾರೆ!’ ಎಂದು ನಾನು ಕೂಗಿದೆ. ಚಂದ್ರಶೇಖರ ಟಿವಿಯ ಕಡೆಗೇ ನೋಡುತ್ತಿದ್ದರು. ‘ಹೋಗ್ಲಿ ಬಿಡು ಮಾರಾಯ್ತಿ. ರಾಗದ ಮೇಲೇನು ನಮ್ಮನೆ ನಂಬರ್ ಬರ್ದಿರ್ತದಾ?’ ಎಂದರು.

ಅಲ್ಲಿಂದಾಚೆಗೆ ನಮ್ಮ ದಾಂಪತ್ಯದಲ್ಲಿ ಒಂದು ಜಗಳ ಶಾಶ್ವತವಾಗಿ ಬಾಡಿಗೆಗೆ ಬಂದು ಕೂತಿತು. ಧಾರಾವಾಹಿ ಮುಗಿಯಿತು, ರಾಗ ಮುಗಿಯಲಿಲ್ಲ. ಮೊಬೈಲುಗಳು ಬಂದ ಹೊಸತು. ಕೊಪ್ಪದ ಮೂವರಲ್ಲಿ ಒಬ್ಬರ ಜೇಬಿನಲ್ಲಿ ಅದು ಹಾಡುತ್ತಿತ್ತು. ಹಾಲಿನ ವ್ಯಾನು ಹಿಂದಕ್ಕೆ ಸರಿಯುವಾಗಲೂ ಅದನ್ನೇ ಹಾಡಿಕೊಂಡು ಸರಿಯುತ್ತಿತ್ತು. ಪತ್ರಿಕೆಗೆ ಬರೆಯೋಣ ಎಂದೆ, ವಕೀಲರನ್ನು ಕೇಳೋಣ ಎಂದೆ, ಕಡೆಗೆ ಬರಿಯ ಒಂದು ಕಾಗದವನ್ನಾದರೂ ಹಾಕಿ ಎಂದೆ. ಪ್ರತಿ ಸಲವೂ ಅವರು ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಯಾವುದೋ ಗಡಿಯಾರದ ಹೊಟ್ಟೆಯೊಳಗೆ ಇಳಿದುಬಿಡುತ್ತಿದ್ದರು. ಕಳ್ಳನ ಮೇಲಿನ ನನ್ನ ಸಿಟ್ಟು ಎರಡು ವರ್ಷಕ್ಕೆ ಹಳತಾಯಿತು. ಕಳೆದುಕೊಂಡವನ ಮೇಲಿನದು ದಿನವೂ ಹೊಸತಾಗಿ ಹುಟ್ಟುತ್ತಿತ್ತು.

ಇಂಥ ಮನೆಗೆ, ಈ ಶತಮಾನಕ್ಕೆ ಆರೋ ಏಳೋ ವರ್ಷವಾಗಿದ್ದಾಗ, ಎಲ್ಲಿಯದೋ ಜೆಕ್ ದೇಶದ ಇನ್ನೊಬ್ಬ ನಟ-ಸಂಯೋಜಕ ವಕ್ಕರಿಸಿದ.

ನಮ್ಮ ಕಡೆ ಒಂದು ಪುಟ್ಟ ಚಿತ್ರ ಬಳಗವಿತ್ತು. ಅದರ ಅಧ್ಯಕ್ಷರು ಬಾಳೆಹೊನ್ನೂರಿನ ಗುರುಪಾದಪ್ಪ. ಕಾಫಿ, ಮೆಣಸಿನ ವ್ಯಾಪಾರಿ, ಹಣೆಯ ತುಂಬ ವಿಭೂತಿ, ಎದೆಯ ತುಂಬ ಸಿನಿಮಾ. ಅವರು ಬೆಂಗಳೂರಿನಿಂದ ಮೂರು ಡಿಸ್ಕುಗಳನ್ನು ಎರವಲು ತರಿಸಿದ್ದರು. ಮೂರರಲ್ಲೂ ಒಬ್ಬನದೇ ಕೈವಾಡವಂತೆ. ಮೂರು ಭಾನುವಾರ ಮಧ್ಯಾಹ್ನ ಬಾಳಗಡಿ, ಶೃಂಗೇರಿ, ನರಸಿಂಹರಾಜಪುರಗಳಲ್ಲಿ ತೋರಿಸುವುದೆಂದು ತೀರ್ಮಾನವಾಯಿತು. ಅವನ ಬಗ್ಗೆ ಮಾತಾಡಲು ಬರಬೇಕಿದ್ದ ಬೆಂಗಳೂರಿನ ನಿವೃತ್ತ ಪ್ರೊಫೆಸರು ಸೊಂಟ ಉಳುಕಿಸಿಕೊಂಡರು. ಗುರುಪಾದಪ್ಪ ನಮ್ಮ ಮನೆಗೆ ಬಂದರು.

‘ಮೇಡಂ, ನೀವೇ ಮಾತಾಡ್ಬೇಕು. ಭಾಷೆ ಓದಿದೋರು.’

‘ನಾನು ಓದಿದ್ದು ಕನ್ನಡ, ಗುರುಪಾದಪ್ಪನೋರೆ.’

‘ಅದೂ ಭಾಷೆಯೇ ಅಲ್ವಾ ಮಾರಾಯ್ರೆ!’

ಈ ತರ್ಕಕ್ಕೆ ಮಣಿದು ಒಪ್ಪಿದೆ. ಒಪ್ಪಿದ ಮೇಲೆ ಹೆಸರು ನೋಡಿದೆ. ಅಯ್ಯೋ ಎನಿಸಿತು. ಅದರಲ್ಲಿ ಒಂದೇ ಒಂದು ಸ್ವರವಿರಲಿಲ್ಲ. ವ್ಯಂಜನಕ್ಕೆ ವ್ಯಂಜನ ಅಂಟಿಕೊಂಡು, ಕನ್ನಡದಲ್ಲಿ ಬರೆಯಹೊರಟರೆ ಒತ್ತಕ್ಷರಗಳು ಒಂದರ ಹೆಗಲ ಮೇಲೊಂದು ಕಾಲಿಟ್ಟು ಬಾವಿಗಿಳಿದಂತೆ ಸಾಲುಗಟ್ಟಿ ಇಳಿಯುತ್ತಿದ್ದವು. ಅದನ್ನು ಇಲ್ಲಿ ಬರೆಯಲಾರೆ. ಅಚ್ಚು ಜೋಡಿಸುವವರ ಶಾಪ ನನಗೆ ಬೇಡ. ಜೀವಮಾನವಿಡೀ ಸ್ವರ ಸಂಯೋಜಿಸಿದವನ ಹೆಸರಿನಲ್ಲಿ ಸ್ವರವೇ ಇಲ್ಲದ ಈ ದಾರಿದ್ರ್ಯವನ್ನು ನೆನೆದು ನನಗೆ ನಗಬೇಕೋ ತಲೆ ಚಚ್ಚಿಕೊಳ್ಳಬೇಕೋ ತಿಳಿಯಲಿಲ್ಲ. ಗುರುಪಾದಪ್ಪ ಮಾತ್ರ ಕ್ಷಣದಲ್ಲಿ ಪರಿಹಾರ ಕಂಡುಕೊಂಡರು. ಜೆಕ್ ಎಂಬುದು ಅವರ ಬಾಯಲ್ಲಿ ಚೆಕ್. ಚೆಕ್ ದೇಶದವನು, ವಯಸ್ಸಾದವನು. ಆದ್ದರಿಂದ ಅವನು ‘ಚೆಕ್ಕಪ್ಪ’ನಾದ. ಚಿಕ್ಕಪ್ಪನಂತೆ ಅವನು ಮೂರು ತಾಲ್ಲೂಕುಗಳಿಗೂ ಸಂಬಂಧಿಯಾಗಿಬಿಟ್ಟ. ‘ಚೆಕ್ ನಟನ ಚಿತ್ರಗಳು’ ಎಂಬ ಬ್ಯಾನರು ಕಟ್ಟಿದ ದಿನ ನನ್ನನ್ನು ದಾರಿಯಲ್ಲಿ ನಿಲ್ಲಿಸಿ ಒಬ್ಬರು, ‘ಯಾವ ಚೆಕ್‌ಪೋಸ್ಟಿನೋರು ಮೇಡಂ ಇವ್ರು? ಫಾರೆಸ್ಟಿನೋರಾ?’ ಎಂದು ಕೇಳಿದ್ದೂ ಆಯಿತು.

ಅವನ ವೃತ್ತಾಂತ ಹುಡುಕಲು ಕೊಪ್ಪದ ಸೈಬರ್ ಅಂಗಡಿಯ ಮರದ ಮೆಟ್ಟಿಲನ್ನು ಎಷ್ಟು ಸಲ ಹತ್ತಿಳಿದೆನೋ. ಅವನ ಭಾವಚಿತ್ರ ಹಣೆಯಿಂದ ಶುರುವಾಗಿ ಗೆರೆಗೆರೆಯಾಗಿ ಇಳಿಯುತ್ತ ಮೂಗಿಗೆ ಬರುವಷ್ಟರಲ್ಲಿ ಕರೆಂಟು ಹೋಗುತ್ತಿತ್ತು. ಬಾಯಿ ನೋಡಲು ನನಗೆ ಮೂರು ದಿನ ಹಿಡಿಯಿತು. ಕಡೆಗೆ ಸಿಕ್ಕಿದ್ದು ಉದ್ದನೆಯ ಒಂದು ಪಟ್ಟಿ. ಓದುತ್ತ ಹೋದಂತೆ ನನ್ನ ಮೈಯೆಲ್ಲ ಉರಿಯತೊಡಗಿತು. ಎರಡನೆಯ ಪೋಲೀಸ್. ಮೀನು ಮಾರುವವನು. ಟಿಕೆಟ್ ತನಿಖೆಯವನು. ಗಡ್ಡದ ಅತಿಥಿ. ಮತ್ತೆ ಎರಡನೆಯ ಪೋಲೀಸ್! ಒಂದೇ ಒಂದು ಸಲವಾದರೂ ಮೊದಲನೆಯ ಪೋಲೀಸ್ ಆಗಬಾರದಿತ್ತೇ ಈ ಪುಣ್ಯಾತ್ಮ? ಹತ್ತಾರು ಚಿತ್ರಗಳಿಗೆ ಸಂಗೀತ ಕೊಟ್ಟಿದ್ದ. ನಡುವೆ ಕೆಲವು ವರ್ಷ ಏನೂ ಇಲ್ಲ, ಪಟ್ಟಿಯಲ್ಲಿ ಬರಿಯ ಬಿಳಿ ಜಾಗ. ಮುಪ್ಪಿನಲ್ಲಿ ಒಂದೇ ಒಂದು ಮುಖ್ಯ ಪಾತ್ರ. ವೃತ್ತಿಜೀವನ ಎಂಬ ಮಾತಿನೊಳಗೆ ವೃತ್ತವೊಂದು ಅಡಗಿದೆಯಲ್ಲ. ಇವನು ಆ ವೃತ್ತದ ಅಂಚಿನಲ್ಲೇ ಸುತ್ತಿ ಸುತ್ತಿ ಸವೆದವನು, ಆ ಒಂದು ಸಲ ಬಿಟ್ಟರೆ ನಡುವಿಗೆ ಬಂದವನಲ್ಲ. ಅಂಥವನೊಬ್ಬ ನನ್ನ ಅಡುಗೆಮನೆಯಲ್ಲೇ ಚಹಾ ಕುಡಿಯುತ್ತಿರುವಾಗ, ಇನ್ನೊಬ್ಬನನ್ನು ಹೊಗಳಲು ಸಮುದ್ರದಾಚೆಗೆ ಹೋಗಬೇಕೇ?

‘ಇವ್ನೂ ನಿಮ್ಮ ಹಾಗೇ,’ ಎಂದೆ ಮನೆಗೆ ಬಂದು, ಪಟ್ಟಿಯನ್ನು ಮೇಜಿನ ಮೇಲೆ ಎಸೆಯುತ್ತ.

ಚಂದ್ರಶೇಖರ ಅದನ್ನು ಎತ್ತಿಕೊಂಡು ಬಹಳ ಹೊತ್ತು ಓದಿದರು. ‘ಗಡ್ಡದ ಅತಿಥಿ,’ ಎಂದು ಮೆಲ್ಲಗೆ ಉಚ್ಚರಿಸಿದರು. ‘ನಂಗೆ ಗಡ್ಡ ಯಾರೂ ಕೊಡ್ಲಿಲ್ಲ ನೋಡು.’

ಮೊದಲ ಭಾನುವಾರ ಬಾಳಗಡಿಯಲ್ಲಿ ಅರವತ್ತು ಜನ ಸೇರಿದ್ದರು. ನಾನು ಬರೆದುಕೊಂಡು ಹೋದದ್ದನ್ನು ಓದಿದೆ. ಚಿತ್ರ ಶುರುವಾಯಿತು. ಒಂದು ಚಿಕ್ಕ ಊರು, ಒಂದು ಬಸ್ಸು, ಅದರೊಳಗೆ ಜನ. ಎಲ್ಲರೂ ಪಟಪಟನೆ ಜೆಕ್ ಭಾಷೆಯಲ್ಲಿ ಮಾತಾಡುತ್ತಿದ್ದಾರೆ. ಕೆಳಗೆ ಒಂದಕ್ಷರ ಇಂಗ್ಲಿಷ್ ಇಲ್ಲ. ಗುರುಪಾದಪ್ಪ ರಿಮೋಟಿನ ಗುಂಡಿಗಳನ್ನೆಲ್ಲ ಒತ್ತಿದರು. ಅಕ್ಷರ ಬರುವ ಡಿಸ್ಕೇ ಅದಲ್ಲ! ‘ಎಂತ ಹೇಳ್ತಾನೆ ಮಾರಾಯ್ರೆ ಅವ?’ ಎಂದು ಹಿಂದಿನಿಂದ ಒಬ್ಬರು, ‘ನಮಗೆ ಗೊತ್ತಿದ್ರೆ ನಿಮಗೆ ಹೇಳ್ತಿರ್ಲಿಲ್ವಾ’ ಎಂದು ಮುಂದಿನಿಂದ ಇನ್ನೊಬ್ಬರು. ಕುರ್ಚಿಗಳು ಸದ್ದು ಮಾಡತೊಡಗಿದವು. ಭೂಮಿ ಬಾಯಿಬಿಡಬಾರದೇ ಎಂದುಕೊಂಡು ಕೂತಿದ್ದೆ.

ಆಗ ಹಿಂದೆ, ಪ್ರೊಜೆಕ್ಟರಿನ ವೈರು ಹಿಡಿದು ಕೂತಿದ್ದ ಚಂದ್ರಶೇಖರ, ‘ಆ ಹೆಂಗ್ಸು ಟಿಕೆಟ್ ತಗಂಡಿಲ್ಲ,’ ಎಂದರು.

‘ನಿಮಗೆ ಹ್ಯಾಂಗೆ ಗೊತ್ತು ಚಂದ್ರಣ್ಣ? ಚೆಕ್ ಭಾಷೆ ಬರ್ತದಾ?’ ಎಂದರು ಗುರುಪಾದಪ್ಪ.

‘ಹಿಂದೆ ಊದ್ತಿರೋ ಪೀಪಿ ಕೇಳಿ. ಅವಳ ಮುಖ ಬಂದಾಗೆಲ್ಲ ಪೀಪಿ ಒಂದು ಸ್ವರ ಬಿಟ್ಟು ಹಾರ್ತದೆ. ಪಾಪ, ಅವಳಿಗೆ ಎದೆ ಹೊಡ್ಕಳ್ತಾ ಇದೆ.’

ಎಲ್ಲರೂ ಕಿವಿಗೊಟ್ಟರು. ನಿಜ, ಹಾರುತ್ತಿತ್ತು. ಅಲ್ಲಿಂದ ಮುಂದೆ ಚಂದ್ರಶೇಖರ ವೈರು ಬಿಟ್ಟು ಎದ್ದು ನಿಂತು, ಸಂಗೀತವನ್ನೇ ಓದುತ್ತ ಕಥೆ ಹೇಳಿದರು. ಈ ಮುದುಕ ಹೆಂಡತಿಯ ಮೇಲೆ ಮುನಿಸಿಕೊಂಡಿದ್ದಾನೆ, ಆದರೆ ಒಳಗೆ ನಗುತ್ತಿದ್ದಾನೆ. ಈ ಹುಡುಗಿ ಇಳಿಯಬೇಕಾದ ನಿಲ್ದಾಣ ದಾಟಿಹೋಯಿತು, ಬೇಕೆಂದೇ ಇಳಿಯಲಿಲ್ಲ. ಆಮೇಲೆ ತನಿಖೆಯವನು ಹತ್ತಿದ. ಅವನೇ ನಮ್ಮ ಚೆಕ್ಕಪ್ಪ. ಉದ್ದ ಕೋಟು, ದಣಿದ ಕಣ್ಣು. ಅವನು ಆ ಹೆಂಗಸಿನ ಮುಂದೆ ಬಂದು ನಿಂತಾಗ ಪೀಪಿ ಪಕ್ಕನೆ ನಿಂತಿತು. ಬಸ್ಸಿನ ಸದ್ದು ಬಿಟ್ಟರೆ ಏನೂ ಇಲ್ಲ. ಅವನು ಅವಳನ್ನು ನೋಡಿದ, ಅವಳ ಖಾಲಿ ಕೈಯನ್ನು ನೋಡಿದ, ಇಲ್ಲದ ಟಿಕೆಟನ್ನು ಇಸಿದುಕೊಂಡವನಂತೆ ತೂತು ಹೊಡೆದು ಹಿಂದಿರುಗಿಸಿ ಮುಂದೆ ಹೋದ.

‘ನೋಡಿ,’ ಎಂದರು ಚಂದ್ರಶೇಖರ, ದನಿ ಇಳಿಸಿ. ‘ತಾನು ಬರೋ ಕಡೆ ಮಾತ್ರ ತನ್ನ ಸಂಗೀತ ನಿಲ್ಸಿದಾನೆ. ನಟನೂ ಸಂಗೀತದವನೂ ಇಬ್ರೂ ಒಟ್ಟಿಗೇ ಮಾತಾಡ್ಬಾರ್ದು ಅಂತ.’

ಅರವತ್ತು ಜನರಲ್ಲಿ ಒಬ್ಬರೂ ಎದ್ದು ಹೋಗಲಿಲ್ಲ. ನಾನು ಹದಿನೈದು ದಿನ ಸೈಬರ್ ಮೆಟ್ಟಿಲು ಹತ್ತಿ ಬರೆದ ಭಾಷಣ ಯಾರಿಗೂ ನೆನಪಿರಲಿಲ್ಲ. ಮಡದಿಯಾಗಿ ಹೆಮ್ಮೆಪಡಬೇಕಾದ ಗಳಿಗೆ ಅದು. ನನಗೆ ಬಂದದ್ದು ಹೊಸ ಸಿಟ್ಟು. ಇಷ್ಟೆಲ್ಲ ತಿಳಿದ ಮನುಷ್ಯ ತನ್ನದನ್ನು ಇನ್ನೊಬ್ಬನಿಗೆ ಬಿಟ್ಟು ಸುಮ್ಮನೆ ಕೂರುವುದೆಂದರೇನು?

ಎರಡನೆಯ ಭಾನುವಾರ ಶೃಂಗೇರಿಯಲ್ಲಿ. ಮಕ್ಕಳ ಚಿತ್ರ; ಒಂದು ಬಾತುಕೋಳಿ ಶಾಲೆಯೊಳಗೆ ನುಗ್ಗಿ ಅಲ್ಲೇ ಓದಲು ನಿಲ್ಲುವ ಕಥೆ. ನಮ್ಮವನು ಎಲ್ಲೂ ಕಾಣಿಸಲಿಲ್ಲ. ಅದಿರಲಿ, ಶೀರ್ಷಿಕೆಯಲ್ಲಿ ಸಂಗೀತ ಎಂದು ತುಂಬ ಸ್ವರಗಳಿರುವ ಬೇರೊಂದು ಹೆಸರಿತ್ತು. ಬೆಂಗಳೂರಿನವರು ತಪ್ಪು ಡಿಸ್ಕು ಕಳಿಸಿದ್ದಾರೆ ಎಂದು ನಾನು ಹಲ್ಲು ಕಡಿಯುತ್ತಿರುವಾಗ, ಪಕ್ಕದಲ್ಲಿದ್ದ ಚಂದ್ರಶೇಖರ, ‘ಇದು ಅವಂದೇ,’ ಎಂದರು.

‘ಹೆಸ್ರು ನೋಡ್ಲಿಲ್ವಾ? ಬೇರೆಯವ್ರದ್ದು ಇದೆ.’

‘ಹೆಸ್ರು ನೋಡ್ಲಿಲ್ಲ. ಕೇಳ್ದೆ.’

ಮರುದಿನ ಕಾಲೇಜಿನ ಫೋನಿನಿಂದ ಬೆಂಗಳೂರಿನ ಪ್ರೊಫೆಸರಿಗೆ ಕರೆ ಮಾಡಿದೆ. ಗಂಡನ ಮಾತು ಸುಳ್ಳೆಂದು ಸಾಬೀತಾಗಲಿ ಎಂಬ ಸಣ್ಣ ಆಸೆಯೂ ಇತ್ತೆಂದು ನಾಚಿಕೆಯಿಂದ ಒಪ್ಪಿಕೊಳ್ಳುತ್ತೇನೆ. ಆ ಸಂಗೀತ ನಮ್ಮವನದೇ ಎನ್ನುತ್ತಾರಲ್ಲ ಎಂದೆ. ಪ್ರೊಫೆಸರು ಆ ಕಡೆಯಿಂದ, ‘ನಿಮಗೆ ಯಾರು ಹೇಳಿದ್ರು?’ ಎಂದು ಕೇಳಿದರು. ಆಮೇಲೆ ವಿವರಿಸಿದರು. ತನ್ನ ದೇಶದ ಸರ್ಕಾರಕ್ಕೆ ಹಿಡಿಸದ ಯಾವುದೋ ಕಾಗದಕ್ಕೆ ಅವನು ಸಹಿ ಹಾಕಿದ್ದನಂತೆ. ಕೆಲವು ವರ್ಷ ಅವನ ಮುಖವಾಗಲಿ ಹೆಸರಾಗಲಿ ತೆರೆಯ ಮೇಲೆ ಬರುವಂತಿರಲಿಲ್ಲ. ಪಟ್ಟಿಯ ಬಿಳಿ ಜಾಗ ಅದೇ. ಆಗ ಗೆಳೆಯನೊಬ್ಬ ತನ್ನ ಹೆಸರನ್ನು ಅವನಿಗೆ ಎರವಲು ಕೊಟ್ಟ. ಬಾತುಕೋಳಿಯ ಸಂಗೀತ ಅವನದೇ. ಕಾಲ ತಿರುಗಿದ ಮೇಲೆ ಆ ಗೆಳೆಯನೇ ಎದ್ದು ನಿಂತು, ಇದು ನನ್ನದಲ್ಲ, ಇವನದು ಎಂದು ಸಾರಿದ.

ಫೋನಿಟ್ಟವಳು ಸ್ಟಾಫ್ ರೂಮಿನ ಕಿಟಕಿಯ ಬಳಿ ನಿಂತುಬಿಟ್ಟೆ. ಸತ್ಯವೆಂಬುದು ಎಲ್ಲೋ ಒಂದು ಕಡೆ ಕಾದು ಕೂತಿರುತ್ತದೆ, ಯಾರಾದರೂ ಎದ್ದು ನಿಂತು ಸಾರಿದರೆ ಹೊರಗೆ ಬರುತ್ತದೆ ಎಂಬ ನಂಬಿಕೆ ಪಾಠ ಹೇಳುವವರಿಗೆ ಸಹಜವಾದ ರೋಗ. ಜೆಕ್ ದೇಶದಲ್ಲಿ ಗೆಳೆಯ ಎದ್ದು ನಿಂತ. ಇಲ್ಲಿ ಹೆಂಡತಿ ಎದ್ದು ನಿಲ್ಲಬಾರದೇ? ಆ ವಾರವೆಲ್ಲ ಸಾರಿಗೆ ಒಗ್ಗರಣೆ ಹಾಕುವಾಗಲೂ ಮನಸ್ಸಿನಲ್ಲೇ ಮಾತು ಹೊಂದಿಸಿದೆ. ಚಂದ್ರಶೇಖರರಿಗೆ ಮಾತ್ರ ಸುಳಿವು ಕೊಡಲಿಲ್ಲ.

ಮೂರನೆಯ ಭಾನುವಾರ ನರಸಿಂಹರಾಜಪುರದ ಒಂದು ಶಾಲೆಯ ಸಭಾಂಗಣದಲ್ಲಿ. ಚೆಕ್ಕಪ್ಪನ ಕೀರ್ತಿ ಹರಡಿ ನೂರಕ್ಕೆ ಹತ್ತಿರ ಜನ ಬಂದಿದ್ದರು. ಅವನ ಮುಪ್ಪಿನ ಚಿತ್ರ ಅದು; ಮನೆಮನೆಗೆ ಹೋಗಿ ಪಿಯಾನೋಗಳ ಶ್ರುತಿ ಸರಿಮಾಡುವ ಮುದುಕ. ಆ ಮನೆಗಳಲ್ಲಿ ಈಗ ಯಾರೂ ನುಡಿಸುವುದಿಲ್ಲ, ಆದರೂ ಅವನು ಹೋಗುತ್ತಾನೆ. ಚಿತ್ರವಿಡೀ ಅವನು ಆಡುವ ಮಾತು ಹತ್ತೋ ಹನ್ನೆರಡೋ. ಕೊನೆಗೆ ಅವನು ಒಂದು ಪಿಯಾನೋದ ಮುಚ್ಚಳ ತೆಗೆದು, ಒಂದು ಸ್ವರದ ಮನೆಯ ಮೇಲೆ ಬೆರಳಿಟ್ಟು, ಒತ್ತದೆ ಕಾಯುತ್ತ ಕೂತ. ಇಡೀ ಸಭೆ ಆ ಬೆರಳನ್ನೇ ನೋಡುತ್ತಿತ್ತು. ಆಗ ಮೂರನೆಯ ಸಾಲಿನಲ್ಲಿ ಯಾರದೋ ಮೊಬೈಲು ಹಾಡತೊಡಗಿತು. ನನ್ನ ಕಾಮಾಲೆಯ ರಾಗವೇ. ಜನ ನಕ್ಕರು.

ನನ್ನ ಸಹನೆ ಅಲ್ಲಿಗೆ ಮುಗಿಯಿತು. ಚಿತ್ರ ಮುಗಿದು ಎರಡು ಮಾತು ಹೇಳಲು ನಿಂತಾಗ, ಹೊಂದಿಸಿದ್ದ ಮಾತೆಲ್ಲ ಬದಿಗೆ ಸರಿದು ನೇರವಾಗಿ ಬಂತು. ಬಾತುಕೋಳಿಯ ಕಥೆ ಹೇಳಿದೆ, ಗೆಳೆಯನ ಕಥೆ ಹೇಳಿದೆ, ಆಮೇಲೆ ಹೇಳಿದೆ: ‘ಈಗ ಒಬ್ಬರ ಫೋನು ಹಾಡಿತಲ್ಲ, ನೀವೆಲ್ಲ ನಕ್ಕಿರಲ್ಲ, ಆ ರಾಗವನ್ನು ಕಟ್ಟಿದವರು ಟಿವಿಯಲ್ಲಿ ಹೆಸರು ಬಂದವರಲ್ಲ. ನಮ್ಮ ಮನೆಯಲ್ಲಿ, ನನ್ನ ಹಾಸಿಗೆಯ ಪಕ್ಕ ಕೂತು ಅದನ್ನು ಕಟ್ಟಿದವರು ನನ್ನ ಗಂಡ. ಅವರಿಂದ ಅದನ್ನು ಕದ್ದರು.’

ನೂರು ತಲೆಗಳು ಹಿಂದಕ್ಕೆ ತಿರುಗಿದವು. ಚಂದ್ರಶೇಖರ ವೈರು ಸುತ್ತುತ್ತಿದ್ದವರು ಹಾಗೇ ನಿಂತಿದ್ದರು.

‘ಹೌದಾ ಚಂದ್ರಣ್ಣ?’ ಎಂದರು ಗುರುಪಾದಪ್ಪ, ಎದ್ದು ನಿಂತು. ಅವರ ಕಣ್ಣಲ್ಲಿ ಆಗಲೇ ಸನ್ಮಾನದ ಶಾಲು ಹೊಳೆಯುತ್ತಿತ್ತು. ‘ಹೌದಾ ಮಾರಾಯ್ರೆ? ಹೇಳಿ!’

‘ಇಲ್ಲ,’ ಎಂದರು ಚಂದ್ರಶೇಖರ. ‘ಕದೀಲಿಲ್ಲ. ಅದು ನಂದಲ್ಲ.’

ಯಾರೋ ಕೆಮ್ಮಿದರು. ಮೊಬೈಲಿನವರು ಅದನ್ನು ಮೆಲ್ಲಗೆ ಜೇಬಿಗೆ ಇಳಿಸಿದರು. ನಾನು ವೇದಿಕೆಯ ಮೇಲೆ ಮೈಕು ಹಿಡಿದು ನಿಂತಿದ್ದೆ. ಓದುಗ ಮಿತ್ರರೆ, ನೂರು ಜನರ ಮುಂದೆ ಗಂಡನಿಂದ ಸುಳ್ಳುಗಾತಿಯೆನಿಸಿಕೊಂಡ ಅನುಭವ ನಿಮಗಿಲ್ಲದಿದ್ದರೆ ಅದನ್ನು ವರ್ಣಿಸಿ ಪ್ರಯೋಜನವಿಲ್ಲ. ಇದ್ದರೆ ವರ್ಣಿಸುವ ಅಗತ್ಯವಿಲ್ಲ. ಗುರುಪಾದಪ್ಪ ಲಗುಬಗೆಯಿಂದ ವಂದನಾರ್ಪಣೆ ಮಾಡಿ ಮುಗಿಸಿದರು.

ಬಿಸಿಲು ಇನ್ನೂ ಇತ್ತು. ಸ್ಕೂಟರಿನ ಹಿಂದೆ ಕೂತು ಸ್ವಲ್ಪ ದೂರ ಬಂದೆ. ಕಡಹಿನಬೈಲಿನ ಹತ್ತಿರ, ಕೊಯ್ಲಾದ ಗದ್ದೆಗಳ ಪಕ್ಕ, ‘ನಿಲ್ಸಿ’ ಎಂದೆ. ನಿಲ್ಲಿಸಿದರು. ಇಳಿದೆ.

‘ಎಂತಕ್ಕೆ ಹಾಗೆ ಹೇಳಿದ್ರಿ? ನಂಗೆ ಹುಚ್ಚಾ? ತಿಂಗಳಿಡೀ ನಾನು ಕೇಳಿದ್ದು ಯಾರ ಶಿಳ್ಳೆ?’

ಅವರು ಸ್ಕೂಟರಿಗೆ ಸ್ಟ್ಯಾಂಡು ಹಾಕಿದರು. ಬಹಳ ಹೊತ್ತು ಕನ್ನಡಿಯನ್ನು ಸರಿಮಾಡಿದರು. ಅದು ಸರಿಯಾಗಿಯೇ ಇತ್ತು.

‘ಕದೀಲಿಲ್ಲ ಸುಧಾ. ನಾನೇ ಕೊಟ್ಟೆ.’

‘ಕೊಟ್ರಾ?’

‘ಶೃಂಗೇರಿ ಲಾಡ್ಜಲ್ಲಿ. ಅಂಚೆಯವನ ಬಟ್ಟೆ ಹಾಕ್ಕಂಡು ಕಾಯ್ತಾ ಕೂತಿದ್ದೆ. ಶಿಳ್ಳೆ ಹಾಕ್ತಿದ್ದೆ, ನಿಂದೇ ರಾಗ. ಅವ್ರ ಸಂಗೀತದವ ಕೇಳಿಸ್ಕಂಡ. ಅವ್ನಿಗೆ ಮಾರನೇ ದಿನದೊಳಗೆ ಒಂದು ರಾಗ ಬೇಕಿತ್ತು, ಏನೂ ಹೊಳೀತಿರ್ಲಿಲ್ಲ ಅಂತೆ. ಕೊಡ್ತೀರಾ, ಬದಲಿಗೆ ಎಂತ ಬೇಕು ಕೇಳಿ ಅಂದ.’

‘ಹೆಸ್ರು ಹಾಕಿ ಅನ್ಬೇಕಿತ್ತು!’

‘ಹೌದು. ಹೆಸ್ರು ಕೇಳ್ಬಹುದಿತ್ತು. ನಾನು ಮಾತು ಕೇಳ್ದೆ.’

ನನಗೆ ಅರ್ಥವಾಗಲಿಲ್ಲ.

‘ಇಪ್ಪತ್ತು ವರ್ಷ ಆಯ್ತು, ಒಂದು ಪಾತ್ರಕ್ಕೂ ಮಾತಿಲ್ಲ. ಎರಡು ಮಾತು ಕೊಡ್ಸಿ ಸಾಕು ಅಂದೆ. ಅವ ಹೋಗಿ ನಿರ್ದೇಶಕರ ಹತ್ರ ಹೇಳಿ ಕೊಡ್ಸಿದ. ಹೇಳ್ದೆ. ಒಂದೇ ಟೇಕಿಗೆ ಓಕೆ ಆಯ್ತು. ಎಲ್ರೂ ಚಪ್ಪಾಳೆ ಹೊಡೆದ್ರು. ಆಮೇಲೆ ಟಿವೀಲಿ ನೀನೇ ನೋಡಿದ್ಯಲ್ಲ. ಕೈ ಮಾತ್ರ ಬಂತು.’

ಒಂದು ಬಸ್ಸು ಧೂಳೆಬ್ಬಿಸಿಕೊಂಡು ಹೋಯಿತು. ಧೂಳು ಇಳಿಯುವವರೆಗೂ ಸೆರಗನ್ನು ಮೂಗಿಗೆ ಹಿಡಿದೆ. ನನ್ನೊಳಗೆ ಏನೇನು ಕುದಿಯಿತೆಂಬುದನ್ನು ಕ್ರಮವಾಗಿ ಹೇಳಲಾರೆ. ನನಗೆಂದು ಕೊಟ್ಟ ರಾಗವನ್ನು ನನ್ನನ್ನು ಕೇಳದೆ ಕೊಟ್ಟುಬಿಟ್ಟರೆಂಬ ನೋವು ಮೊದಲು ಬಂತು. ಇಷ್ಟು ವರ್ಷ ಇಲ್ಲದ ಕಳ್ಳನನ್ನು ಬೈದೆನಲ್ಲ ಎಂಬ ಅವಮಾನ ಅದರ ಹಿಂದೆಯೇ ಬಂತು.

‘ಆವತ್ತೇ ಯಾಕೆ ಹೇಳ್ಲಿಲ್ಲ?’

‘ಕದ್ರು ಅಂತ ನೀನು ಕೂಗಿದ್ಯಲ್ಲ, ಹದ್ನಾಲ್ಕು ಜನರ ಮುಂದೆ. ಯಾರೋ ದೊಡ್ಡವ್ರ ಸ್ವತ್ತು ಹೋದ ಹಾಗೆ. ನನ್ನ ಪರವಾಗಿ ಯಾರೂ ಅಷ್ಟು ಸಿಟ್ಟು ಮಾಡಿರ್ಲಿಲ್ಲ ಸುಧಾ. ಚಂದ ಇತ್ತು ಅದು.’ ಅವರು ತಲೆ ತಗ್ಗಿಸಿದರು. ‘ಎರಡು ಮಾತಿಗೆ ಕೊಟ್ಟೆ, ಅದೂ ದಕ್ಕಲಿಲ್ಲ ಅಂತ ಹ್ಯಾಂಗೆ ಹೇಳ್ಲಿ? ಇವತ್ತು ನೀನು ನೂರು ಜನರ ಮುಂದೆ ಕದ್ರು ಅಂದೆ. ಆ ಮನುಷ್ಯ ಕದ್ದಿಲ್ಲ, ಕೊಟ್ಟ ಮೇಲೆ ಅದು ನಂದೂ ಅಲ್ಲ. ಸುಮ್ನಿರೋಕೆ ಆಗ್ಲಿಲ್ಲ.’

ಇಂಥವರೊಡನೆ ಜಗಳವಾಡುವುದಾದರೂ ಹೇಗೆ ಹೇಳಿ. ಜಗತ್ತಿನಲ್ಲಿ ಹೆಸರಿಗಾಗಿ ಹೊಡೆದಾಡುವವರು ಕೋಟಿ ಜನ. ಬಾಯಿಬಿಟ್ಟು ಎರಡು ಮಾತಾಡುವ ಸುಖಕ್ಕೆ ತನ್ನ ಅತ್ಯುತ್ತಮವಾದದ್ದನ್ನು ತೆತ್ತು, ಮೋಸವಾಯಿತೆಂದೂ ಅನ್ನದ ಮನುಷ್ಯನನ್ನು ದೇವರು ಹುಡುಕಿ ಹುಡುಕಿ ನನಗೇ ಕೊಟ್ಟಿದ್ದ.

‘ಏನದು ಎರಡು ಮಾತು?’ ಎಂದೆ, ಇನ್ನೂ ಸಿಟ್ಟಿನಲ್ಲೇ.

ಅವರು ತಲೆಯೆತ್ತಿದರು. ಸ್ಕೂಟರನ್ನು ಬಿಟ್ಟು ನಾಲ್ಕು ಹೆಜ್ಜೆ ಹಿಂದೆ ಹೋದರು. ಅಲ್ಲಿಂದ ಬರುವಾಗ ಅವರ ನಡಿಗೆಯೇ ಬೇರೆಯಾಗಿತ್ತು; ಒಂದು ಹೆಗಲು ಚೀಲದ ಭಾರಕ್ಕೆ ವಾಲಿತ್ತು, ಬಿಸಿಲಿನಲ್ಲಿ ಬಹುದೂರ ನಡೆದ ಕಾಲುಗಳು. ನನ್ನ ಮುಂದೆ ನಿಂತು, ಹಣೆ ಒರೆಸಿಕೊಂಡು, ‘ಅಮ್ಮಾ, ಕಾಗದ ಬಂದಿದೆ,’ ಎಂದರು. ‘ನಾನು ಓದಿ ಹೇಳ್ಬೇಕಾ, ನೀವೇ ಓದ್ಕೊಳ್ತೀರಾ?’

ಅಷ್ಟೇ. ಆ ಕಾಗದದಲ್ಲಿ ಕೆಟ್ಟ ಸುದ್ದಿಯಿದೆಯೆಂದು ಅಂಚೆಯವನಿಗೆ ಗೊತ್ತಿದೆ, ಗೊತ್ತಿದೆಯೆಂದು ತೋರಿಸಿಕೊಳ್ಳಬಾರದು. ಎಲ್ಲವೂ ಅವರ ದನಿಯಲ್ಲಿತ್ತು. ಬರಿಯ ಕೈಯನ್ನು ಉಳಿಸಿಕೊಂಡು ಇದನ್ನು ಕತ್ತರಿಸಿ ಎಸೆದವರು ಯಾರೋ, ಅವರ ಮೇಲೆ ನನ್ನ ಸಿಟ್ಟು ಹೊಸದಾಗಿ ಹತ್ತಿಕೊಂಡಿತು.

‘ಎರಡನೇ ಮಾತು ಅವಸರ ಆಯ್ತು,’ ಎಂದೆ. ‘ಇನ್ನೊಂದ್ಸಲ.’

ಅವರು ಮತ್ತೆ ನಾಲ್ಕು ಹೆಜ್ಜೆ ಹಿಂದೆ ಹೋಗಿ ಬಂದರು. ಈ ಸಲ ಸರಿಯಾಗಿ ಬಂತು. ನಾನು ಸೆರಗು ಹೊದ್ದುಕೊಂಡು, ‘ಓದಿ ಹೇಳಿ,’ ಎಂದೆ.

ಅವರು ತಬ್ಬಿಬ್ಬಾದರು. ‘ಅಲ್ಲಿಂದ ಮುಂದಕ್ಕೆ ನಂಗೆ ಮಾತು ಕೊಟ್ಟಿರ್ಲಿಲ್ಲ ಮಾರಾಯ್ತಿ.’

‘ಈಗ ನಾನು ಕೊಡ್ತಿದೀನಿ. ಓದಿ.’

ಗದ್ದೆಯ ಆಚೆ ಯಾರೋ ದನ ಕರೆಯುತ್ತಿದ್ದರು. ಚಂದ್ರಶೇಖರ ಇಲ್ಲದ ಲಕೋಟೆಯ ಅಂಚನ್ನು ಜೋಪಾನವಾಗಿ ಹರಿದರು, ಇಲ್ಲದ ಕಾಗದವನ್ನು ಬಿಡಿಸಿ ಬೆಳಕಿಗೆ ಹಿಡಿದರು, ಗಂಟಲು ಸರಿಮಾಡಿಕೊಂಡರು.

‘ಉಭಯ ಕುಶಲೋಪರಿ ಸಾಂಪ್ರತ,’ ಎಂದರು. ಆಮೇಲೆ ಸ್ವಲ್ಪ ನಿಂತು, ‘ತಪ್ಪು ನಂದೇ,’ ಎಂದರು.

‘ಮುಂದಕ್ಕೆ ಓದಿ,’ ಎಂದೆ.